ಹುಟ್ಟದ ನಕ್ಷತ್ರಗಳು

ಕೂಸು ಹುಟ್ಟುವ ಮುಂಚೆ ಕುಲಾವಿ ಹೊಲಿಸಿದರಂತೆ ಎಂದು ನಮ್ಮಲ್ಲಿ ಒಂದು ಗಾದೆಯುಂಟು. ಆತುರಗಾರರನ್ನು ಹಾಸ್ಯ ಮಾಡಲು ಅದನ್ನು ಬಳಸುತ್ತೇವೆ. ಆದರೆ ಈ ಗಾದೆಯನ್ನು ಆಡುವ ಮನೆಗಳಲ್ಲಿಯೇ, ಕುಬಸದ ಸಂಭ್ರಮ ಮುಗಿಯುತ್ತಲೂ, ಹಳೆಯ ಮೆತ್ತನೆಯ ಸೀರೆಗಳು ಪೆಟ್ಟಿಗೆಯಿಂದ ಹೊರಗೆ ಬರುತ್ತವೆ. ಹಿರಿಯರೊಬ್ಬರು ಕನ್ನಡಕ ಏರಿಸಿ ಸೂಜಿಗೆ ದಾರ ಪೋಣಿಸಲು ಕುಳಿತುಕೊಳ್ಳುತ್ತಾರೆ. ನೀವೂ ಇದನ್ನು ಕಂಡವರೇ. ಇನ್ನೂ ಹುಟ್ಟದಿರುವುದಕ್ಕೂ ಮನೆಯಲ್ಲಿ ಒಂದು ಜಾಗ ಆಗಲೇ ಸಿದ್ಧವಾಗಿರುತ್ತದೆ. ಈ ಹೊತ್ತು ನಾನು ಹೇಳಬೇಕೆಂದಿರುವುದು ಅಂಥ ಹುಟ್ಟದವರ ಸಂಗತಿಯನ್ನೇ. ಆದರೆ ಇವು ಮನೆಯ ಕೂಸುಗಳಲ್ಲ, ಆಕಾಶದ ನಕ್ಷತ್ರಗಳು. ಮೊದಲು ಒಬ್ಬ ಕಾದಂಬರಿಕಾರರು ತಮ್ಮ ಮನಸ್ಸಿನಲ್ಲಿ ಕಟ್ಟಿಕೊಂಡ ಆಕಾಶವನ್ನು ನೋಡೋಣ. ಆಮೇಲೆ ನಮ್ಮ ತಲೆಯ ಮೇಲಿರುವುದನ್ನು.

ಕಾದಂಬರಿಯ ಹೆಸರು ‘ಸ್ಟಾರ್ ಮೇಕರ್’. ನಕ್ಷತ್ರಕರ್ತ ಎಂದು ಬೇಕಾದರೆ ಕನ್ನಡಿಸಿಕೊಳ್ಳಬಹುದು. 1937ರಲ್ಲಿ ಇಂಗ್ಲೆಂಡಿನಲ್ಲಿ ಪ್ರಕಟವಾಯಿತು. ಬರೆದವರು ಓಲಾಫ್ ಸ್ಟೇಪಲ್ಡನ್. ಅವರು ಹುಟ್ಟಿದ್ದು 1886ರಲ್ಲಿ, ತೀರಿಕೊಂಡದ್ದು 1950ರಲ್ಲಿ. ತತ್ತ್ವಶಾಸ್ತ್ರದಲ್ಲಿ ಡಾಕ್ಟರ್ ಪದವಿ ಪಡೆದವರು. ಹಗಲೆಲ್ಲ ದುಡಿದು ಬಂದ ಕೂಲಿಕಾರರಿಗೆ ಪಾಠ ಹೇಳುತ್ತಿದ್ದವರು. ಮೊದಲನೆಯ ಮಹಾಯುದ್ಧ ಬಂದಾಗ ಬಂದೂಕು ಹಿಡಿಯಲು ಅವರ ಮನಸ್ಸು ಒಪ್ಪಲಿಲ್ಲ. ಮನೆಯಲ್ಲಿ ಕೂಡಲೂ ಒಪ್ಪಲಿಲ್ಲ. ಕ್ವೇಕರ್ ಪಂಥದವರು ನಡೆಸುತ್ತಿದ್ದ ಆಂಬುಲೆನ್ಸ್ ದಳವನ್ನು ಸೇರಿ, ಫ್ರಾನ್ಸಿನ ರಣರಂಗದಲ್ಲಿ ಗಾಯಾಳುಗಳನ್ನು ಹೊತ್ತ ಗಾಡಿಯನ್ನು ವರ್ಷಗಟ್ಟಲೆ ಓಡಿಸಿದರು. ಈ ಸಂಗತಿಯನ್ನು ನೆನಪಿನಲ್ಲಿಡಿ, ಮುಂದೆ ಬೇಕಾಗುತ್ತದೆ.

ಕಥೆ ಹೀಗೆ ತೊಡಗುತ್ತದೆ. ಮನೆಯ ಬಾಳಿನಲ್ಲಿ ಏನೋ ಕಹಿ ಬೆರೆತು ನೊಂದ ಒಬ್ಬಾತ ರಾತ್ರಿಯ ಹೊತ್ತು ಊರಹೊರಗಿನ ಗುಡ್ಡವನ್ನೇರಿ ಕುಳಿತುಕೊಳ್ಳುತ್ತಾನೆ. ಕೆಳಗೆ ಊರಿನ ದೀಪಗಳು; ಅವುಗಳ ನಡುವೆ ಅವನ ಮನೆಯ ಕಿಟಕಿ. ಮೇಲೆ ನಕ್ಷತ್ರಗಳು. ಇದ್ದಕ್ಕಿದ್ದ ಹಾಗೆ ಅವನ ಪ್ರಜ್ಞೆ ದೇಹವನ್ನು ಬಿಟ್ಟು ಆಕಾಶದಲ್ಲಿ ಹೊರಟುಬಿಡುತ್ತದೆ. ಲೋಕದಿಂದ ಲೋಕಕ್ಕೆ, ಯುಗದಿಂದ ಯುಗಕ್ಕೆ ಅಲೆಯುತ್ತದೆ. ಬೇರೆ ಬೇರೆ ಲೋಕಗಳ ಮನಸ್ಸುಗಳು ಅದರೊಡನೆ ಕೂಡಿಕೊಳ್ಳುತ್ತವೆ. ಇದು ಸುಲಭವಾದ ಓದಲ್ಲ. ಸಂಭಾಷಣೆ ಕಡಮೆ, ಹೆಸರುಳ್ಳ ಪಾತ್ರಗಳು ಇಲ್ಲವೆನ್ನುವಷ್ಟು ಅಪರೂಪ. ನಡುವಿನ ಕೆಲವು ಅಧ್ಯಾಯಗಳಲ್ಲಿ ಲೋಕಗಳ ಪಟ್ಟಿಯನ್ನು ಓದಿದಂತಾಗಿ ನನಗೂ ತೂಕಡಿಕೆ ಬಂದದ್ದುಂಟು. ಆದರೂ ಪುಸ್ತಕವನ್ನು ಕೆಳಗಿಡಲಾಗಲಿಲ್ಲ.

ಅದಕ್ಕೆ ಕಾರಣ ಹೇಳುತ್ತೇನೆ. ಈ ಕಲ್ಪಿತ ಬ್ರಹ್ಮಾಂಡದಲ್ಲಿ ನಕ್ಷತ್ರಗಳಿಗೆ ಜೀವವಿದೆ, ಮನಸ್ಸಿದೆ. ಆಕಾಶದಲ್ಲಿ ಅವು ನಡೆಯುವ ದಾರಿ ಅವುಗಳಿಗೆ ಒಂದು ನೃತ್ಯವಿದ್ದಂತೆ. ಬುದ್ಧಿವಂತ ಜೀವಿಗಳು ತಮ್ಮ ಪ್ರಯಾಣದ ಅನುಕೂಲಕ್ಕಾಗಿ ಒಂದು ನಕ್ಷತ್ರವನ್ನೇ ಅದರ ದಾರಿಯಿಂದ ಕದಲಿಸಹೊರಟಾಗ ಅದು ಸಿಡಿದು, ತನ್ನನ್ನು ಕಾಡಿದವರನ್ನು ಸುಟ್ಟುಹಾಕುತ್ತದೆ. ಇಷ್ಟಾದರೂ ಒಪ್ಪಿಕೊಳ್ಳಬಹುದು, ಸೂರ್ಯನಿಗೆ ದಿನವೂ ಅರ್ಘ್ಯ ಕೊಡುವ ನಮಗೆ ನಕ್ಷತ್ರಕ್ಕೆ ಜೀವವಿದೆಯೆಂದರೆ ಗಾಬರಿಯಾಗುವುದಿಲ್ಲ. ಆದರೆ ಸ್ಟೇಪಲ್ಡನ್ನರು ಅಲ್ಲಿಗೇ ನಿಲ್ಲುವುದಿಲ್ಲ. ಕಥೆ ಬಹುಮಟ್ಟಿಗೆ ಮುಗಿಯುತ್ತ ಬಂದಮೇಲೆ ಅವರು ನಮ್ಮನ್ನು ಹಿಂದಕ್ಕೆ, ಬಹಳ ಹಿಂದಕ್ಕೆ, ನಕ್ಷತ್ರಗಳು ಇನ್ನೂ ಹುಟ್ಟದೆ ಇದ್ದ ಕಾಲಕ್ಕೆ ಕರೆದೊಯ್ಯುತ್ತಾರೆ. ಆಗ ಇದ್ದುವು ನೀಹಾರಿಕೆಗಳು ಮಾತ್ರ. ಅಪಾರವಾದ, ಮಂಜಿನಂಥ ಅನಿಲರಾಶಿಗಳು. ಅವುಗಳಿಗೂ ಒಂದು ಬಗೆಯ ಮಂದವಾದ ಅರಿವು ಇತ್ತೆಂದು ಕಥೆ. ದೂರದ ನೆರೆಯವರು ಇರುವುದು ಅವುಗಳಿಗೆ ತಿಳಿಯುತ್ತದೆ. ಅವರೊಡನೆ ಒಂದಾಗಬೇಕೆಂಬ ಹಂಬಲ ಹುಟ್ಟುತ್ತದೆ. ಆ ಹಂಬಲ ಕೈಗೂಡುವ ಮೊದಲೇ ಅವುಗಳ ಮೈ ಒಳಗೊಳಗೇ ಹೆಪ್ಪುಗಟ್ಟತೊಡಗುತ್ತದೆ. ನಕ್ಷತ್ರಗಳು ಮೂಡುತ್ತಿವೆ!

ನೀಹಾರಿಕೆಗೆ ಅದು ಮುಪ್ಪು. ಅದು ರೋಗ. ತನ್ನ ಮೈಯೊಳಗೆ ಗಂಟುಗಳೇಳುತ್ತಿವೆ, ಬುದ್ಧಿ ಚೂರುಚೂರಾಗುತ್ತಿದೆ ಎಂದಷ್ಟೇ ಅದಕ್ಕೆ ಗೊತ್ತು.

ಇದನ್ನು ಓದಿದಾಗ ನಾನು ಪುಸ್ತಕವನ್ನು ಮಗುಚಿ ಸ್ವಲ್ಪ ಹೊತ್ತು ಸುಮ್ಮನಿದ್ದೆ. ನಕ್ಷತ್ರ ಹುಟ್ಟಿತೆಂದರೆ ನಾವೆಲ್ಲ ಬೆಳಕಿನ ಕಡೆಯಿಂದಲೇ ನೋಡುತ್ತೇವೆ. ನಾವು ಒಂದು ನಕ್ಷತ್ರದ ಬೆಳಕಿನಲ್ಲಿ ಬಾಳುವವರಲ್ಲವೆ? ಯಾವುದು ಕರಗಿ ಆ ಬೆಳಕಾಯಿತೋ ಅದರ ಕಡೆಯಿಂದ ನೋಡಿದವರು ನನಗೆ ತಿಳಿದಮಟ್ಟಿಗೆ ಇವರೊಬ್ಬರೇ. ಹೆರಿಗೆಯೆಂದರೆ ಹೆಣ್ಣಿಗೆ ಮರುಹುಟ್ಟು ಎಂದು ನಮ್ಮ ಹೆಂಗಸರು ಹೇಳುತ್ತಾರೆ. ಆ ಕಲ್ಪಿತ ಆಕಾಶದಲ್ಲಿ ತಾಯಿಗೆ ಮರುಹುಟ್ಟು ಇಲ್ಲ. ಹುಟ್ಟದ ನಕ್ಷತ್ರವೆಂದರೆ ಅಲ್ಲಿ ಭವಿಷ್ಯದ ಆಸೆಯೂ ಹೌದು, ಇದ್ದುದರ ಸಾವೂ ಹೌದು. ಅವು ಎರಡನ್ನೂ ಬಿಡಿಸಿ ಬೇರೆ ಮಾಡಲು ಗ್ರಂಥಕರ್ತರು ಒಪ್ಪುವುದಿಲ್ಲ. ಈ ನೀಹಾರಿಕೆಗಳ ಕಥೆಯನ್ನು ಮೊದಲು ಅವರು ಬೇರೆಯಾಗಿಯೇ ವಿಸ್ತಾರವಾಗಿ ಬರೆಯತೊಡಗಿದ್ದರು. ಆ ಕರಡು ಅವರು ತೀರಿಕೊಂಡ 26 ವರ್ಷಗಳ ಮೇಲೆ, 1976ರಲ್ಲಿ, ‘ನೆಬ್ಯುಲಾ ಮೇಕರ್’ ಎಂಬ ಹೆಸರಿನಿಂದ ಅಚ್ಚಾಯಿತು. ಅದರಲ್ಲಿ ನೀಹಾರಿಕೆಗಳಿಗೆ ಹೆಸರುಗಳೂ ಉಂಟು: ಒಂದು ಸಂತನಂಥದು, ಇನ್ನೊಂದು ಕ್ರಾಂತಿಕಾರಿ.

ಇದೆಲ್ಲ ಬರಿಯ ಕವಿಕಲ್ಪನೆಯೆ? ಅಲ್ಲ. ಇದರ ಬೇರು ಆ ಕಾಲದ ವಿಜ್ಞಾನದಲ್ಲಿತ್ತು. ಸರ್ ಜೇಮ್ಸ್ ಜೀನ್ಸರ ಹೆಸರನ್ನು ನಿಮ್ಮಲ್ಲಿ ಹಿರಿಯರು ಕೇಳಿರಬಹುದು. 1938ರಲ್ಲಿ ಕಲ್ಕತ್ತೆಯಲ್ಲಿ ಕೂಡಿದ ಭಾರತ ವಿಜ್ಞಾನ ಕಾಂಗ್ರೆಸ್ಸಿನ ಬೆಳ್ಳಿಹಬ್ಬದ ಅಧಿವೇಶನಕ್ಕೆ ಅಧ್ಯಕ್ಷರಾಗಿ ಬಂದಿದ್ದವರು ಅವರೇ. ಅನಿಲದ ಮೋಡವೊಂದು ತನ್ನ ಭಾರಕ್ಕೆ ತಾನೇ ಕುಸಿಯುವುದು ಯಾವಾಗ ಎಂಬುದನ್ನು 1902ರಷ್ಟು ಹಿಂದೆಯೇ ಅವರು ಲೆಕ್ಕ ಹಾಕಿ ತೋರಿಸಿದ್ದರು. ಮೋಡದ ಪ್ರತಿಯೊಂದು ಕಣವೂ ಮಿಕ್ಕವನ್ನು ಸೆಳೆಯುತ್ತದೆ. ಮೋಡದ ಬಿಸಿ ಮಾತ್ರ ಕಣಗಳನ್ನು ಹೊರಕ್ಕೆ ತಳ್ಳುತ್ತದೆ. ಮೋಡ ತಣ್ಣಗಾದಷ್ಟೂ, ದಟ್ಟವಾದಷ್ಟೂ ಸೆಳೆತಕ್ಕೆ ಗೆಲುವು. ಒಂದು ಮಿತಿಯನ್ನು ದಾಟಿದರೆ ಕುಸಿತವನ್ನು ತಡೆಯುವವರಿಲ್ಲ. ಬೆಂಕಿಯ ಉಂಡೆಯಾದ ನಕ್ಷತ್ರ ಹುಟ್ಟುವುದಕ್ಕೆ ಮೊದಲು ಬೇಕಾದದ್ದು ಚಳಿ ಎಂಬುದು ವಿಚಿತ್ರವಾದರೂ ನಿಜ.

ಜೀನ್ಸರ ಈ ಲೆಕ್ಕ ಇಂದಿಗೂ ನಿಂತಿದೆ. ಅವರ ಪಂಚಾಂಗ ನಿಲ್ಲಲಿಲ್ಲ. ನಕ್ಷತ್ರಗಳ ವಯಸ್ಸನ್ನು ಅವರು ಲಕ್ಷ ಕೋಟಿ ವರ್ಷಗಳಲ್ಲಿ ಎಣಿಸಿದರು. ಹಾಗೆ ನೋಡಿದರೆ ನಕ್ಷತ್ರಗಳ ಹುಟ್ಟು ಎಂದೋ ಮುಗಿದುಹೋದ ಸಂಗತಿ. ನಾವು ಹೆರಿಗೆಯಾಗಿ ಎಷ್ಟೋ ಕಾಲವಾದ ಮನೆಗೆ ತಡವಾಗಿ ಬಂದ ನೆಂಟರು. ಸ್ಟೇಪಲ್ಡನ್ನರ ಕಥೆಯ ಹಿಂದಿರುವುದು ಈ ಚಿತ್ರವೇ. ಅವರ ಪುಸ್ತಕ ಬಂದ ಎರಡೇ ವರ್ಷಕ್ಕೆ, 1939ರಲ್ಲಿ, ಹ್ಯಾನ್ಸ್ ಬೇಥೆ ಎಂಬ ವಿಜ್ಞಾನಿ ನಕ್ಷತ್ರಗಳ ಒಲೆಯಲ್ಲಿ ಉರಿಯುವ ಕಟ್ಟಿಗೆ ಯಾವುದೆಂದು ವಿವರಿಸಿದರು. ಜಲಜನಕ ಬೆಸೆದುಕೊಂಡು ಹೀಲಿಯಂ ಆಗುವಾಗ ಹೊರಡುವ ಶಕ್ತಿ ಅದು. ಕಟ್ಟಿಗೆ ಗೊತ್ತಾಯಿತು, ಉರಿಯ ವೇಗವೂ ಗೊತ್ತಾಯಿತು. ಮಿಕ್ಕದ್ದು ಮನೆಯ ಲೆಕ್ಕದಂತೆ ಸುಲಭ. ಬಹಳ ಪ್ರಕಾಶಮಾನವಾದ ನಕ್ಷತ್ರಗಳು ದುಂದುಗಾರರು. ತಮ್ಮ ಆಸ್ತಿಯನ್ನು ಒಂದೆರಡು ಕೋಟಿ ವರ್ಷಗಳೊಳಗೇ ಕರಗಿಸಿಬಿಡುತ್ತವೆ. ಮಹಾವ್ಯಾಧನ ಕಾಲಲ್ಲಿ ಹೊಳೆಯುವ ರೈಜೆಲ್ ನಕ್ಷತ್ರವನ್ನು ನೀವು ನೋಡಿರುತ್ತೀರಿ. ಅದರ ವಯಸ್ಸು ಒಂದು ಕೋಟಿ ವರ್ಷದ ಒಳಗೆ. ಈ ಭೂಮಿಯಿಂದ ಡೈನೊಸಾರುಗಳು ಅಳಿದದ್ದು ಸುಮಾರು 6 ಕೋಟಿ 60 ಲಕ್ಷ ವರ್ಷಗಳ ಹಿಂದೆ. ಆಗ ರೈಜೆಲ್ ಇನ್ನೂ ಹುಟ್ಟದ ನಕ್ಷತ್ರ!

ಅಂದರೆ ಹೆರಿಗೆಮನೆ ಇಂದಿಗೂ ನಡೆಯುತ್ತಿದೆ. ನಮ್ಮ ಆಕಾಶಗಂಗೆಯಲ್ಲಿ ವರ್ಷಕ್ಕೆ ಸರಾಸರಿ ಒಂದೆರಡು ಸೂರ್ಯರಷ್ಟು ದ್ರವ್ಯ ಹೊಸ ನಕ್ಷತ್ರಗಳಾಗುತ್ತಿದೆ ಎಂದು ಇಂದಿನ ಅಂದಾಜು. ಹಾಗಾದರೆ ಹುಟ್ಟಬೇಕಾದವು ಎಲ್ಲಿವೆ? ಅವುಗಳನ್ನು ಬಹಳ ಕಾಲದಿಂದ ನೋಡುತ್ತಲೇ ಇದ್ದರು, ಏನೆಂದು ತಿಳಿದಿರಲಿಲ್ಲ.

ಅಮೆರಿಕದ ನ್ಯಾಶ್‌ವಿಲ್ ಊರಿನ ಎಡ್ವರ್ಡ್ ಎಮರ್ಸನ್ ಬರ್ನಾರ್ಡ್ ಎಂಬ ಬಡ ಹುಡುಗ ಒಂಬತ್ತನೆಯ ವಯಸ್ಸಿಗೇ ಛಾಯಾಚಿತ್ರ ತೆಗೆಯುವವರ ಅಂಗಡಿಯಲ್ಲಿ ಕೆಲಸಕ್ಕೆ ಸೇರಿದ. ಶಾಲೆಯ ಮುಖ ಕಂಡದ್ದು ಕಡಮೆ. ಅಂಗಡಿಯಲ್ಲಿ ಕಲಿತ ವಿದ್ಯೆಯನ್ನು ಮುಂದೆ ಆಕಾಶಕ್ಕೆ ತಿರುಗಿಸಿ ಲೋಕಪ್ರಸಿದ್ಧರಾದರು. ಆಕಾಶಗಂಗೆಯ ದಟ್ಟವಾದ ಚುಕ್ಕೆಗಳ ನಡುನಡುವೆ ಕಪ್ಪು ಕಲೆಗಳು ಅವರ ಚಿತ್ರಗಳಲ್ಲಿ ಕಂಡುವು. ಅವರಿಗೂ ಹಿಂದೆ ವಿಲಿಯಂ ಹರ್ಷೆಲರು ಇಂಥವನ್ನು ಕಂಡು ಆಕಾಶಕ್ಕೆ ತೂತು ಬಿದ್ದಿದೆಯೆಂದೇ ಭಾವಿಸಿದ್ದರು. ಬರ್ನಾರ್ಡರಿಗೂ ಬಹಳ ದಿನ ಸಂದೇಹ: ಇದು ನಕ್ಷತ್ರಗಳಿಲ್ಲದ ಖಾಲಿ ಜಾಗವೋ, ನಕ್ಷತ್ರಗಳನ್ನು ಮರೆಮಾಡಿದ ಯಾವುದೋ ವಸ್ತುವೋ? 1919ರಲ್ಲಿ ಅವರು ಇಂಥ 182 ಕಲೆಗಳ ಪಟ್ಟಿಯನ್ನು ಪ್ರಕಟಿಸಿದರು. ಅವು ತೂತುಗಳಲ್ಲ, ಧೂಳು ಬೆರೆತ ತಣ್ಣನೆಯ ಮೋಡಗಳು ಎಂಬುದು ಆಮೇಲೆ ಸ್ಥಿರಪಟ್ಟಿತು.

1947ರಲ್ಲಿ ಬಾರ್ಟ್ ಬಾಕ್ ಮತ್ತು ಎಡಿತ್ ರೈಲಿ ಎಂಬಿಬ್ಬರು ಇವುಗಳಲ್ಲಿ ಪುಟ್ಟದಾಗಿ, ಗುಂಡಗೆ, ಗಾಢವಾಗಿರುವವನ್ನು ಬೇರೆಮಾಡಿ ಒಂದು ಊಹೆಯನ್ನು ಮುಂದಿಟ್ಟರು: ಇವು ನಕ್ಷತ್ರಗಳ ಗೂಡುಗಳು, ಹುಳು ತನ್ನ ಸುತ್ತ ಗೂಡು ಕಟ್ಟಿಕೊಂಡಂತೆ, ಒಳಗೆ ನಕ್ಷತ್ರ ಬೆಳೆಯುತ್ತಿದೆ. ಮೈಸೂರು ಸೀಮೆಯವರಿಗೆ ಈ ಹೋಲಿಕೆಯನ್ನು ಬಿಡಿಸಿ ಹೇಳಬೇಕಾಗಿಲ್ಲ. ಆದರೆ ನಮ್ಮ ರೇಷ್ಮೆಗೂಡಿನ ಹಣೆಬರಹ ಬೇರೆ. ಒಳಗಿನ ಜೀವ ಚಿಟ್ಟೆಯಾಗುವುದಕ್ಕೆ ಬಿಡುವು ಕೊಡದೆ ನೂಲು ತೆಗೆಯಲು ಬಿಸಿನೀರಿಗೆ ಹಾಕಿಬಿಡುತ್ತೇವೆ. ಬಾಕರ ಮಾತು ಊಹೆಯಾಗಿಯೇ ನಾಲ್ಕು ದಶಕ ಉಳಿಯಿತು. ಕಪ್ಪು ಗೂಡಿನ ಒಳಗನ್ನು ನೋಡಲು ಬೇರೆ ಕಣ್ಣು ಬೇಕಾಗಿತ್ತು. ಕಾಣುವ ಬೆಳಕನ್ನು ತಡೆಯುವ ಧೂಳು ಅವಗೆಂಪು ಕಿರಣಗಳನ್ನು ಅಷ್ಟಾಗಿ ತಡೆಯುವುದಿಲ್ಲ. ನಮ್ಮ ಕಣ್ಣಿಗೆ ಕಾಣದೆ ಮೈಗೆ ಬಿಸಿಯಾಗಿ ತಾಗುವ ಕಿರಣಗಳವು. ಅವುಗಳನ್ನು ಹಿಡಿಯುವ ಉಪಕರಣಗಳು ಬಂದಮೇಲೆ ಎಷ್ಟೋ ಗೂಡುಗಳೊಳಗೆ ಕೆಂಡದಂಥ ಎಳೆಯ ನಕ್ಷತ್ರಗಳು ಸಿಕ್ಕುವು.

ಬರ್ನಾರ್ಡರ ಪಟ್ಟಿಯಲ್ಲಿ 68ನೆಯದು ಒಂದಿದೆ. ವೃಶ್ಚಿಕದ ನೆರೆಯ ಉರಗಧರ ರಾಶಿಯಲ್ಲಿ, ನಮ್ಮಿಂದ ಸುಮಾರು 400–500 ಜ್ಯೋತಿರ್ವರ್ಷಗಳ ದೂರದಲ್ಲಿ. ಛಾಯಾಚಿತ್ರದಲ್ಲಿ ನೋಡಿದರೆ ಒತ್ತಾಗಿ ಚೆಲ್ಲಿದ ಚುಕ್ಕೆಗಳ ನಡುವೆ ಶಾಯಿಯ ತೊಟ್ಟು ಬಿದ್ದ ಹಾಗೆ. 2001ರಲ್ಲಿ ಚಿಲಿ ದೇಶದ ದೂರದರ್ಶಕಗಳಿಂದ ಅದರ ಹಿಂದಿರುವ ಸಾವಿರಾರು ನಕ್ಷತ್ರಗಳ ಬೆಳಕು ಎಷ್ಟೆಷ್ಟು ಮಂಕಾಗಿದೆಯೆಂದು ಅಳೆದು, ಅದರ ಒಳಗಿನ ರಚನೆಯನ್ನು ವಿಜ್ಞಾನಿಗಳು ಬಿಡಿಸಿದರು. ಅಡ್ಡಳತೆ ಸುಮಾರು ಅರ್ಧ ಜ್ಯೋತಿರ್ವರ್ಷ. ತೂಕ ಹೆಚ್ಚು ಕಡಮೆ ಎರಡು ಸೂರ್ಯರಷ್ಟು. ಒಳಗಿನ ಚಳಿ ಸೊನ್ನೆಯ ಕೆಳಗೆ 250 ಡಿಗ್ರಿಗಿಂತಲೂ ಹೆಚ್ಚು. ಅದರೊಳಗೆ ನಕ್ಷತ್ರವಿಲ್ಲ. ಇನ್ನೂ ಇಲ್ಲ. ಅದರ ಸೆಳೆತವೂ ಬಿಸಿಯೂ ತಕ್ಕಡಿಯ ಎರಡು ತಟ್ಟೆಗಳಂತೆ ಬಹುಮಟ್ಟಿಗೆ ಸಮವಾಗಿ ತೂಗುತ್ತಿವೆ. ಹೊರಪದರ ಮೆಲ್ಲಗೆ ಮಿಡಿಯುತ್ತಿರುವ ಕುರುಹೂ ಸಿಕ್ಕಿದೆ. ಪಕ್ಕದಲ್ಲೊಂದು ಪುಟ್ಟ ಮೋಡ ಅದಕ್ಕೆ ಬಂದು ತಾಗುತ್ತಿದೆಯೆಂದೂ, ಆ ತಾಗುವಿಕೆಯಿಂದ ತಕ್ಕಡಿ ವಾಲಿ ಇನ್ನು ಸುಮಾರು 2 ಲಕ್ಷ ವರ್ಷಗಳೊಳಗೆ ಮೋಡ ಕುಸಿಯುವುದೆಂದೂ 2009ರಲ್ಲಿ ಇಬ್ಬರು ವಿಜ್ಞಾನಿಗಳು ಲೆಕ್ಕ ಮುಂದಿಟ್ಟರು. ಕುಲಾವಿಯ ಅಳತೆಯನ್ನೇ ತೆಗೆದುಕೊಂಡ ಹಾಗಾಯಿತು!

ಸ್ಟೇಪಲ್ಡನ್ನರಿಗೆ ಈ ವಿವರಗಳು ತಿಳಿದಿದ್ದರೆ? ಕೆಲವು ಸಂಗತಿಗಳನ್ನು ತಿದ್ದಿಕೊಳ್ಳಬೇಕಾಗುತ್ತಿತ್ತು. ತಾಯಿಮೋಡವೆಲ್ಲ ನಕ್ಷತ್ರಗಳಾಗಿಬಿಡುವುದಿಲ್ಲ. ದೊಡ್ಡ ಮೋಡಗಳಲ್ಲಿ ನೂರಕ್ಕೆ ಕೆಲವೇ ಪಾಲು ಹಾಗೆ ಆಗುತ್ತದೆ. ಮಿಕ್ಕದ್ದನ್ನು, ಹೊಸದಾಗಿ ಹುಟ್ಟಿದ ದೊಡ್ಡ ನಕ್ಷತ್ರಗಳೇ ತಮ್ಮ ಉರಿಬೆಳಕಿನಿಂದಲೂ ಬಿರುಗಾಳಿಯಿಂದಲೂ ಚೆದರಿಸಿ ಅಟ್ಟಿಬಿಡುತ್ತವೆ. ಹೀಗೆ ನೋಡಿದರೆ ಅವರ ಕಲ್ಪನೆಗಿಂತ ನಿಜವೇ ಹೆಚ್ಚು ನಿಷ್ಠುರ. ಆದರೆ ಚೆದರಿದ ಅನಿಲ ನಾಶವಾಗುವುದಿಲ್ಲ. ಮುಪ್ಪಾದ ನಕ್ಷತ್ರಗಳು ಉಗುಳಿದ ಬೂದಿಯೊಡನೆ ಬೆರೆತು, ಎಷ್ಟೋ ಕಾಲದ ಮೇಲೆ ಬೇರೆಲ್ಲಿಯೋ ಮತ್ತೆ ಮೋಡವಾಗುತ್ತದೆ. ನಮ್ಮ ಸೂರ್ಯನ ಮೋಡದಲ್ಲಿ ಇಂಥ ಬೂದಿ ಬೆರೆತಿದ್ದುದರಿಂದಲೇ ನಿಮ್ಮ ಮನೆಯ ಬಾಣಲೆಯ ಕಬ್ಬಿಣ ಭೂಮಿಗೆ ಬಂದದ್ದು. ತಾಯಿಗೆ ಮರುಹುಟ್ಟು ಇಲ್ಲವೆಂದು ಅವರು ಬರೆದರು. ಆಕಾಶ ಇಲ್ಲಿ ನಮ್ಮ ಹೆಂಗಸರ ಪಕ್ಷ.

ಗೂಡು ಕಟ್ಟಿದವೆಲ್ಲ ಹುಟ್ಟುತ್ತವೆಯೆ? ಇಲ್ಲ. ಕೆಲವು ಮೋಡಗಳು ಕುಸಿಯದೆ ಕರಗಿಹೋಗುತ್ತವೆ. ಕೆಲವು ಕುಸಿದರೂ ಸಾಕಷ್ಟು ದ್ರವ್ಯ ಕೂಡಿಬರುವುದಿಲ್ಲ. ಸೂರ್ಯನ ತೂಕದ ನೂರರಲ್ಲಿ ಏಳೆಂಟು ಪಾಲಾದರೂ ಇಲ್ಲದಿದ್ದರೆ ಒಳಗಿನ ಒಲೆ ನಿಲುವಾಗಿ ಹೊತ್ತಿಕೊಳ್ಳಲಾರದು. ಈ ಮಿತಿಯನ್ನು 1960ರ ದಶಕದ ಮೊದಲಿನಲ್ಲಿ ಲೆಕ್ಕ ಹಾಕಿದವರು ಭಾರತದಿಂದ ಅಮೆರಿಕಕ್ಕೆ ಹೋಗಿದ್ದ ಶಿವ್ ಕುಮಾರ್. ಅಂಥ ಕಾಯಗಳಿಗೆ ಕಂದು ಕುಬ್ಜಗಳೆಂಬ ಹೆಸರನ್ನು 1975ರಲ್ಲಿ ಜಿಲ್ ಟಾರ್ಟರ್ ಕೊಟ್ಟರು. ಮೊದಲು ಲೆಕ್ಕ, ಆಮೇಲೆ ಹೆಸರು. ಸಂದೇಹವಿಲ್ಲದಂತೆ ಕಣ್ಣಿಗೆ ಬಿದ್ದದ್ದು 1995ರಲ್ಲಿ. ಪತ್ರಿಕೆಗಳು ಅವುಗಳನ್ನು ಸೋತ ನಕ್ಷತ್ರಗಳೆಂದು ಕರೆಯುತ್ತವೆ. ನನಗೆ ಆ ಮಾತು ಹಿಡಿಸುವುದಿಲ್ಲ.

ನಮ್ಮ ತಾಯಿಯ ಪೆಟ್ಟಿಗೆಯಲ್ಲಿ ಹಸಿರು ಖಣದ ಒಂದು ಕುಲಾವಿ ಇತ್ತು. ನಮ್ಮ ಅಕ್ಕನ ಚೊಚ್ಚಲ ಕೂಸಿಗೆಂದು ಹೊಲಿದದ್ದು. ಆ ಕೂಸು ಜೀವದಿಂದ ಹುಟ್ಟಲಿಲ್ಲ. ಆಮೇಲೆ ಅಕ್ಕನಿಗೆ ಇಬ್ಬರು ಮಕ್ಕಳಾದರು. ಇಬ್ಬರಿಗೂ ಹೊಸ ಕುಲಾವಿಗಳೇ ಬಂದುವು. ಹಳೆಯದನ್ನು ಯಾಕೆ ತೊಡಿಸಬಾರದು, ಚೆನ್ನಾಗಿಯೇ ಇದೆಯಲ್ಲ ಎಂದು ನಾನು ಒಮ್ಮೆ ತಿಳಿಯದೆ ಕೇಳಿದೆ. “ಇರ್ಲಿ ಬಿಡೊ, ಅದು ಅದರದು” ಎಂದು ತಾಯಿ ಅದನ್ನು ಮಡಿಸಿ ಮತ್ತೆ ಪೆಟ್ಟಿಗೆಯ ತಳಕ್ಕೆ ಇಟ್ಟರು. ಅಕ್ಕ ಬಾಗಿಲಲ್ಲಿ ನಿಂತಿದ್ದಳು. ಆಕೆಯ ಎದುರಿಗೆ ನಾನು ಆಮೇಲೆ ಆ ಗಾದೆಯನ್ನು ಎಂದೂ ಆಡಿಲ್ಲ.

ಸ್ಟೇಪಲ್ಡನ್ನರಿಗೆ ಮಗಳೊಬ್ಬಳು, ಮಗನೊಬ್ಬ. ಪುಸ್ತಕ ಬಂದ ವರ್ಷ ಮಗನಿಗೆ ಹದಿನಾಲ್ಕರ ಪ್ರಾಯ. ಸ್ಪೇನಿನಲ್ಲಿ ಆಗಲೇ ಯುದ್ಧ ಹೊತ್ತಿತ್ತು. ಯೂರೋಪಿನ ಉಳಿದ ಮನೆಗಳಿಗೂ ಅದರ ಉರಿ ತಾಗುವುದು ಇನ್ನು ದೂರವಿಲ್ಲವೆಂದು, ಹಿಂದಿನ ಯುದ್ಧದಲ್ಲಿ ಗಾಯಾಳುಗಳ ಗಾಡಿ ಓಡಿಸಿದವರಿಗೆ ಬೇರೆಯವರು ಹೇಳಬೇಕಾಗಿರಲಿಲ್ಲ. ಇಂಥ ಹೊತ್ತಿನಲ್ಲಿ ನೀಹಾರಿಕೆಗಳ ಕಥೆ ಬರೆಯುತ್ತ ಕೂಡುವುದು ಹೇಡಿತನವಲ್ಲವೆ ಎಂಬ ಆಕ್ಷೇಪವನ್ನು ಅವರೇ ಮುನ್ನುಡಿಯಲ್ಲಿ ಎತ್ತಿಕೊಂಡಿದ್ದಾರೆ. ನಮ್ಮ ಗೊಂದಲದ ಲೋಕವನ್ನು ನಕ್ಷತ್ರಗಳ ಹಿನ್ನೆಲೆಯಲ್ಲಿಟ್ಟು ನೋಡಿದರೆ ಅದರ ಬೆಲೆ ಕಡಮೆಯಾಗುವುದಿಲ್ಲ, ಹೆಚ್ಚಬಹುದು ಎಂಬ ಭಾವದ ಉತ್ತರವನ್ನೂ ಕೊಟ್ಟಿದ್ದಾರೆ. ಆ ಉತ್ತರ ಎಲ್ಲರಿಗೂ ಒಪ್ಪಿಗೆಯಾಗಬೇಕೆಂದಿಲ್ಲ. ಆದರೆ ಕಥೆಯ ಕೊನೆಯಲ್ಲಿ ಅವರ ಪಾತ್ರ ಬ್ರಹ್ಮಾಂಡವನ್ನೆಲ್ಲ ಸುತ್ತಿಬಂದು ಮತ್ತೆ ಅದೇ ಗುಡ್ಡದ ಮೇಲೆ ಕಣ್ಣುತೆರೆದಾಗ, ಅವನು ಮೊದಲು ಹುಡುಕುವುದು ತನ್ನ ಮನೆಯ ಬೆಳಕನ್ನೇ.

ನೀವು ನೋಡಬೇಕೆಂದಿದ್ದರೆ ಮಾರ್ಗಶಿರ, ಪುಷ್ಯ ಮಾಸಗಳಲ್ಲಿ, ಚಂದ್ರನಿಲ್ಲದ ಒಂದು ರಾತ್ರಿ ಊಟ ಮುಗಿಸಿ ಮಾಳಿಗೆಯ ಮೇಲೆ ಹೋಗಿ. ದೀಪಗಳ ಕಡೆಗೆ ಬೆನ್ನು ಮಾಡಿ, ಕಣ್ಣಿಗೆ ಕತ್ತಲೆಯ ರೂಢಿಯಾಗುವವರೆಗೆ ಕಾಲು ಗಂಟೆ ಸುಮ್ಮನೆ ನಿಲ್ಲಿ. ಪೂರ್ವದ ಕಡೆ ಮಹಾವ್ಯಾಧ ಮೇಲೆದ್ದಿರುತ್ತಾನೆ. ಅವನ ನಡುವಿನಲ್ಲಿ ಒಂದೇ ಸಾಲಾಗಿ ಮೂರು ನಕ್ಷತ್ರಗಳು. ನಡುಪಟ್ಟಿಯಿಂದ ಇಳಿಬಿದ್ದ ಕತ್ತಿಯಂತೆ ಇನ್ನೊಂದು ಮಂದವಾದ ಸಾಲು. ಆ ಕತ್ತಿಯ ಮಧ್ಯದ ಚುಕ್ಕೆ ಚುಕ್ಕೆಯಂತೆ ಚೂಪಾಗಿ ಕಾಣುವುದಿಲ್ಲ, ಉಸಿರು ತಾಗಿದ ಕನ್ನಡಿಯಂತೆ ಮಬ್ಬಾಗಿರುತ್ತದೆ. ಅದೇ ಮಹಾವ್ಯಾಧ ನೀಹಾರಿಕೆ. ಸುಮಾರು 1,350 ಜ್ಯೋತಿರ್ವರ್ಷ ದೂರ. ಇಂದು ನಿಮ್ಮ ಕಣ್ಣಿಗೆ ಬೀಳುವ ಬೆಳಕು ಅಲ್ಲಿಂದ ಹೊರಟಾಗ ಇಲ್ಲಿ ಬಾದಾಮಿಯ ಚಾಲುಕ್ಯರು ಆಳುತ್ತಿದ್ದರು. ಆಮೇಲೆ ಅಲ್ಲಿ ಏನಾದರೂ ಹುಟ್ಟಿದ್ದರೆ, ಅದರ ಬೆಳಕು ಇನ್ನೂ ದಾರಿಯಲ್ಲಿದೆ.